ಹೊಳೆ ಕೆಟ್ಟಾಗ ಮೂಕರ್ಜಿ ಎಷ್ಟು ದೂರ ಹೋದೀತು?

ಮೂಕರ್ಜಿ ಎಂದರೇನು ಎಂದು ಕೃಷಿಕರಿಗೆ ವಿವರಿಸಬೇಕಾಗಿಲ್ಲ. ಕೆಳಗೆ ಹೆಸರಿಲ್ಲ, ಸಹಿಯಿಲ್ಲ. ಹೆಚ್ಚೆಂದರೆ ‘ನೊಂದ ಗ್ರಾಮಸ್ಥರು’ ಅಂತ ಒಂದು ಸಾಲು. ಹೊಳೆಗೆ, ತೋಡಿಗೆ ಕೊಳಕು ನೀರು ಬಿಡುವವರ ಮೇಲೆ ಹೋಗುವ ದೂರುಗಳಲ್ಲಿ ಇಂಥವು ಕಡಿಮೆಯೇನಲ್ಲ. ಕಾರಣವೂ ಗುಟ್ಟಲ್ಲ. ನೀರು ಬಿಡುವವನು ದೊಡ್ಡವನು, ಕುಡಿಯುವವನು ಸಣ್ಣವನು. ದೊಡ್ಡವನ ಲಾರಿಯಲ್ಲೇ ಸಣ್ಣವನ ಮಗ ಡ್ರೈವರ್.

ಇಂಥ ಕಾಗದ ಕೋರ್ಟಿನವರೆಗೆ ಹೋದರೆ ಏನಾಗುತ್ತದೆ? ಕಳೆದ ಮಳೆಗಾಲದಲ್ಲಿ, ಮಳೆ ಬಿಡದೆ, ಮದ್ದು ಬಿಡಲಾಗದೆ ಕೂತ ದಿನಗಳಲ್ಲಿ ಈ ಪ್ರಶ್ನೆ ಹಿಡಿದು ಇಬ್ಬರು ವಕೀಲರ ತಲೆ ತಿಂದೆ. ತೀರ್ಪುಗಳು ಈಗ ಮೊಬೈಲಿನಲ್ಲೇ ಸಿಗುತ್ತವೆ. ಇಂಗ್ಲಿಷ್ ತುಸು ಬಿಗಿ. ಆದರೆ ಎರಡು ಸಲ ಓದಿದರೆ ಕತೆ ಅರ್ಥವಾಗುತ್ತದೆ. ತಿಳಿದಷ್ಟನ್ನು ಇಲ್ಲಿ ಹಂಚಿಕೊಳ್ಳುತ್ತೇನೆ.

ಕಾಗದವೇ ಕೇಸಾದ ಕಾಲ

ಮೊದಲಿಗೆ ಒಂದು ಸಮಾಧಾನದ ಮಾತು. ಕೋರ್ಟಿಗೆ ಹೋಗಲು ಸ್ಟಾಂಪು, ವಕಾಲತ್ತು, ಕಪ್ಪು ಕೋಟು ಎಲ್ಲ ಬೇಕೇ ಬೇಕು ಎನ್ನುವ ಕಟ್ಟು 1980ರ ಸುಮಾರಿಗೆ ಸಡಿಲವಾಯಿತು. ತಾನಾಗಿ ಕೋರ್ಟಿಗೆ ಬರಲಾಗದ ಬಡವರ ಪರವಾಗಿ ಬೇರೆಯವರು ಬರೆದ ಕಾಗದವನ್ನೇ ಸುಪ್ರೀಂ ಕೋರ್ಟು ರಿಟ್ ಅರ್ಜಿ ಎಂದು ಎತ್ತಿಕೊಂಡಿತು. ಹರಿಯಾಣದ ಕಲ್ಲುಕೋರೆಗಳ ಜೀತದಾಳುಗಳ ಬಗ್ಗೆ ಬಂದ ಕಾಗದ ಇದಕ್ಕೆ ಹೆಸರಾದ ಉದಾಹರಣೆ. ‘ಬಂಧುವಾ ಮುಕ್ತಿ ಮೋರ್ಚಾ’ ಕೇಸು ಅಂತ ವಕೀಲರೆಲ್ಲ ಹೇಳುವುದು ಅದನ್ನೇ. ತೀರ್ಪು ಬಂದದ್ದು 1983ರ ಕೊನೆಗೆ.

ಅದೇ ತೀರ್ಪಿನಲ್ಲಿ ನ್ಯಾಯಮೂರ್ತಿ ಆರ್.ಎಸ್. ಪಾಠಕ್ ಪ್ರತ್ಯೇಕವಾಗಿ ಒಂದು ಎಚ್ಚರಿಕೆ ಬರೆದರು. ಕಾಗದದ ಮೂಲಕ ಬಂದದ್ದು ತಪ್ಪಲ್ಲ. ಆದರೆ ಬರೆದವರು ಯಾರು, ಎಂಥವರು ಎಂದೇ ಗೊತ್ತಿಲ್ಲದ ಕಾಗದವನ್ನು ಅರ್ಜಿ ಮಾಡಿಕೊಂಡರೆ ಅಪಾಯವಿದೆ, ಅದರಲ್ಲಿ ಬರೆದುದಕ್ಕೆ ಹೊಣೆ ಹೊರುವವರೇ ಇರುವುದಿಲ್ಲ ಎಂಬುದು ಅವರ ಮಾತಿನ ಸಾರ. ಪಾಠಕರು ಮುಂದೆ ಮುಖ್ಯ ನ್ಯಾಯಮೂರ್ತಿಯಾದರು. ಅವರ ಕಾಲದಲ್ಲೇ, 1988ರ ಡಿಸೆಂಬರಿನಲ್ಲಿ, ಎಂಥ ಕಾಗದಗಳನ್ನು ಸಾರ್ವಜನಿಕ ಹಿತಾಸಕ್ತಿ ಅರ್ಜಿಯಾಗಿ ತೆಗೆದುಕೊಳ್ಳಬಹುದು ಎಂದು ಸುಪ್ರೀಂ ಕೋರ್ಟು ಪಟ್ಟಿ ಮಾಡಿತು. ಪರಿಸರ ಮಾಲಿನ್ಯ ಆ ಪಟ್ಟಿಯಲ್ಲಿ ಇದೆ. ಮನೆ ಬಾಡಿಗೆಯ ಜಗಳ, ನೌಕರಿಯ ತಕರಾರು ಇಲ್ಲ.

ಆಮೇಲೆ ಬಾಗಿಲು ಸ್ವಲ್ಪ ಸ್ವಲ್ಪವೇ ಕಿರಿದಾಯಿತು. ಹಿತಾಸಕ್ತಿ ಅರ್ಜಿಗಳನ್ನು ಸೇಡಿಗೂ ಹೆಸರು ಮಾಡುವುದಕ್ಕೂ ಬಳಸುವವರು ಹೆಚ್ಚಾದರು. 2010ರ ಜನವರಿಯಲ್ಲಿ, ಉತ್ತರಾಖಂಡದ ಬಲವಂತ್ ಸಿಂಗ್ ಚೌಫಾಲ್ ಕೇಸಿನಲ್ಲಿ, ಅರ್ಜಿದಾರನ ಪೂರ್ವಾಪರ ನೋಡಿಯೇ ಮುಂದುವರಿಯಬೇಕು, ಇದಕ್ಕೆ ಪ್ರತಿಯೊಂದು ಹೈಕೋರ್ಟೂ ನಿಯಮ ಮಾಡಬೇಕು ಎಂದು ಸುಪ್ರೀಂ ಕೋರ್ಟು ಹೇಳಿತು. ಸುಪ್ರೀಂ ಕೋರ್ಟಿನದೇ 2013ರ ನಿಯಮಾವಳಿಯಂತೆ ಅರ್ಜಿ ಸಲ್ಲಿಸುವವನು ಪೂರ್ತಿ ಹೆಸರು, ವಿಳಾಸ, ಫೋನ್, ಕಸುಬು, ವರ್ಷದ ಆದಾಯ, ಈ ವಿಷಯದಲ್ಲಿ ತನ್ನ ಸ್ವಂತ ಲಾಭ ಏನಾದರೂ ಇದೆಯೇ ಎಲ್ಲವನ್ನೂ ತೋರಿಸಬೇಕು.

ಕೋರ್ಟಿನ ಹೊರಗೂ ಇದೇ ಪದ್ಧತಿ. ರಾಷ್ಟ್ರೀಯ ಮಾನವ ಹಕ್ಕುಗಳ ಆಯೋಗ 1994ರ ತನ್ನ ನಿಯಮದಲ್ಲೇ ಹೆಸರಿಲ್ಲದ, ಸುಳ್ಳು ಹೆಸರಿನ ದೂರು ಬೇಡ ಎಂದಿದೆ. ಭ್ರಷ್ಟಾಚಾರದ ಮೂಕರ್ಜಿಗಳ ಮೇಲೆ ಕ್ರಮ ಬೇಡ ಎಂದು ಕೇಂದ್ರ ವಿಚಕ್ಷಣಾ ಆಯೋಗ 1999ರಲ್ಲಿ ಸುತ್ತೋಲೆ ಹೊರಡಿಸಿತು.

ಹೆಸರು ಕೇಳುವುದು ಯಾಕೆ?

‘ನೀರು ಕಪ್ಪಾಗಿದೆ ಅಂದ ಮೇಲೆ ಬಂದು ನೋಡಿದರಾಯಿತು. ಹೇಳಿದ್ದು ಯಾರಾದರೆ ಏನು?’ ನನ್ನದೂ ಇದೇ ವಾದವಾಗಿತ್ತು. ವಕೀಲರು ಓದಲು ಹೇಳಿದ್ದು 1991ರ ಒಂದು ತೀರ್ಪನ್ನು. ಸುಭಾಷ್ ಕುಮಾರ್ ಮತ್ತು ಬಿಹಾರ ಸರ್ಕಾರದ ನಡುವಿನ ಕೇಸು. ಕತೆ ಸ್ವಾರಸ್ಯವಾಗಿದೆ.

ಆಗಿನ ಬಿಹಾರದ, ಈಗಿನ ಝಾರ್ಖಂಡದ ಹಜಾರಿಬಾಗ್ ಕಡೆಯಲ್ಲಿ ಬೊಕಾರೊ ಎಂಬ ನದಿ. ಅಲ್ಲೇ ಟಾಟಾ ಕಬ್ಬಿಣ ಕಂಪೆನಿಯ ಕಲ್ಲಿದ್ದಲು ಗಣಿ. ಕಲ್ಲಿದ್ದಲು ತೊಳೆದ ಕೆಸರುನೀರನ್ನು ನದಿಗೆ ಬಿಡುತ್ತಿದ್ದಾರೆ, ಅದು ಗದ್ದೆಗಳ ಮೇಲೆ ಕೂತು ಮಣ್ಣು ಕೆಡುತ್ತಿದೆ, ಕುಡಿಯುವ ನೀರು ಹಾಳಾಗುತ್ತಿದೆ ಅಂತ ಅರ್ಜಿ. ಓದಿದರೆ ಯಾರಿಗಾದರೂ ಸರಿ ಅನಿಸಬೇಕು. ಕಂಪೆನಿ ಹೇಳಿತು: ಆ ಕೆಸರಿನಲ್ಲಿ ಕಲ್ಲಿದ್ದಲಿನ ಪುಡಿ ಇದೆ, ಒಣಗಿಸಿದರೆ ಉರುವಲು, ಒಳ್ಳೆಯ ಕ್ರಯ ಇದೆ. ಅದನ್ನು ನದಿಗೆ ಬಿಡಲು ನಮಗೇನು ಹುಚ್ಚೇ? ಮಾಲಿನ್ಯ ಮಂಡಳಿಯೂ ತಾನು ಪರೀಕ್ಷಿಸಿದ್ದೇನೆ, ಹೇಳುವಂಥ ಹರಿವು ಇಲ್ಲ ಎಂದಿತು. ಆಮೇಲೆ ಹೊರಬಿದ್ದದ್ದು ನಿಜವಾದ ವಿಷಯ. ಅರ್ಜಿದಾರ ವರ್ಷಗಳಿಂದ ಇದೇ ಕಂಪೆನಿಯಿಂದ ಆ ಕೆಸರನ್ನು ಖರೀದಿಸುತ್ತಿದ್ದವ. ಇನ್ನಷ್ಟು ಬೇಕೆಂದು ಕೇಳಿದ್ದ, ಕಂಪೆನಿ ಕೊಟ್ಟಿರಲಿಲ್ಲ. ಇದು ಹೊಳೆಯ ಮೇಲಿನ ಪ್ರೀತಿಯಲ್ಲ, ಸ್ವಂತ ಹಿತಕ್ಕೆ ತಂದ ಕೇಸು ಎಂದು ಕೋರ್ಟು ಅರ್ಜಿಯನ್ನು ವಜಾ ಮಾಡಿ 5,000 ರೂಪಾಯಿ ಖರ್ಚು ಕಟ್ಟಲು ಹೇಳಿತು.

ಅರ್ಜಿದಾರನ ಹೆಸರು, ಊರು ಕಡತದಲ್ಲಿ ಇದ್ದುದರಿಂದ ತಾನೇ ಇದೆಲ್ಲ ಬಯಲಾದದ್ದು? ಅದೇ ಕಾಗದ ‘ನೊಂದ ಗ್ರಾಮಸ್ಥರು’ ಅಂತ ಬಂದಿದ್ದರೆ ಯಾರನ್ನು ಕೇಳುವುದು? ನಮ್ಮ ಊರುಗಳಲ್ಲೂ ಅಷ್ಟೇ. ಹೊಳೆ ಬದಿಯ ಜಾಗದ ತಕರಾರು, ಹೊಯಿಗೆಯ ಗುತ್ತಿಗೆ ತಪ್ಪಿದ ಸಿಟ್ಟು, ಪಂಚಾಯತ್ ಚುನಾವಣೆ ಸೋತ ಬೇಸರ ಎಲ್ಲ ಮಾಲಿನ್ಯದ ದೂರಿನ ವೇಷ ಹಾಕಿಕೊಂಡು ಬರುವುದುಂಟು.

ಈ ಕತೆಗೆ ಇನ್ನೊಂದು ಮುಖವೂ ಇದೆ. ಇದೇ ತೀರ್ಪಿನಲ್ಲಿ, ಅರ್ಜಿ ವಜಾ ಮಾಡುವ ಮೊದಲು, ಮಾಲಿನ್ಯವಿಲ್ಲದ ನೀರು ಮತ್ತು ಗಾಳಿ ಸಂವಿಧಾನದ 21ನೇ ವಿಧಿಯ ಜೀವಿಸುವ ಹಕ್ಕಿನಲ್ಲೇ ಸೇರಿದೆ, ಅದಕ್ಕೆ ಧಕ್ಕೆ ಬಂದರೆ ಪ್ರಜೆ ನೇರ ಸುಪ್ರೀಂ ಕೋರ್ಟಿಗೇ ಬರಬಹುದು ಎಂದು ನ್ಯಾಯಮೂರ್ತಿಗಳು ಬರೆದರು. ಇವತ್ತಿಗೂ ನದಿಯ ಕೇಸುಗಳಲ್ಲಿ ವಕೀಲರು ಎತ್ತಿ ಓದುವುದು ಆ ಮಾತನ್ನೇ. ಸೋತ ಅರ್ಜಿ, ಅದೂ ನಿಯತ್ತಿಲ್ಲದ ಅರ್ಜಿ, ನಮಗೆಲ್ಲ ಒಂದು ಹಕ್ಕು ಕೊಟ್ಟು ಹೋಯಿತು!

ನಮ್ಮ ಹೊಳೆಯ ಮಾತು

ನನ್ನ ತೋಟಕ್ಕೆ ನೀರು ಹೊಳೆಯಿಂದ. ಡಿಸೆಂಬರಿನಲ್ಲಿ ಕಟ್ಟ ಹಾಕುತ್ತೇವೆ, ಏಪ್ರಿಲ್ ತನಕ ಆರೇಳು ಮನೆಯ ಪಂಪು ಅದರ ಮೇಲೆಯೇ. ಮೇಲಿನ ಊರಿನಲ್ಲಿ ಒಂದು ಕಾರ್ಖಾನೆ ಬಂದ ಮೇಲೆ ಕಟ್ಟದ ನೀರಿಗೆ ಫೆಬ್ರವರಿಯ ಹೊತ್ತಿಗೆ ಹುಳಿ ವಾಸನೆ. ಸ್ಪ್ರಿಂಕ್ಲರಿನ ತೂತಿನಲ್ಲಿ ಲೋಳೆ ಕಟ್ಟುತ್ತದೆ. ದನಗಳು ಮೂಸಿ ಹಿಂದೆ ಸರಿಯುತ್ತವೆ.

ಎರಡು ವರ್ಷದ ಹಿಂದೆ ಇದರ ಮೇಲೆ ಮೂಕರ್ಜಿ ಹೋಯಿತು. ಬರೆದವರು ಯಾರೆಂದು ನನಗೆ ಗೊತ್ತು, ಇಲ್ಲಿ ಬರೆಯುವುದಿಲ್ಲ. ಹೆಸರು ಹಾಕಬಹುದಿತ್ತಲ್ಲ ಎಂದದ್ದಕ್ಕೆ, ‘ಹಾಕಿದ್ರೆ ನಾಳೆಯಿಂದ ಹುಡುಗನ ಕೆಲಸ ಇಲ್ಲ ಭಾವ. ಹೊಳೆಯೂ ಹೋಯ್ತು, ಸಂಬಳವೂ ಹೋಯ್ತು ಅಂತಾದ್ರೆ ಎಂತ ಮಾಡುದು?’ ಎಂದರು. ನನ್ನ ಹತ್ತಿರ ಉತ್ತರ ಇರಲಿಲ್ಲ. ಕೆಲವು ತಿಂಗಳ ಮೇಲೆ ಸಂಬಂಧಪಟ್ಟ ಕಚೇರಿಗೆ ಹೋಗಿ ವಿಚಾರಿಸಿದಾಗ, ಅರ್ಜಿದಾರರ ವಿಳಾಸ ಇಲ್ಲದ ಕಾರಣ ಕಡತ ಮುಕ್ತಾಯ ಅಂತ ಷರಾ ಬಿದ್ದಿತ್ತು. ಸ್ಥಳಕ್ಕೆ ಯಾರೂ ಬಂದಿರಲಿಲ್ಲ. ವಿಳಾಸ ಬೇಕಾದ್ದು ಹೊಳೆಯದ್ದು ತಾನೇ? ಅದು ಅರ್ಜಿಯಲ್ಲೇ ಇತ್ತು.

ಭಯವನ್ನು ಹೇಡಿತನ ಎನ್ನುವವರ ಮಾತು ನನಗೆ ಹಿಡಿಸುವುದಿಲ್ಲ. ಕಾನೂನಿನ ಒಳಗೇ ಆ ಭಯಕ್ಕೆ ಎಷ್ಟು ಜಾಗವಿದೆ ಎಂಬುದು ನಮಗೆ ಬೇಕಾದ ವಿಷಯ.

ಅರ್ಜಿದಾರನೇ ಇಲ್ಲದ ಕೇಸುಗಳು

ಹೆಸರಿಲ್ಲದ ಕಾಗದ ಅರ್ಜಿಯಾಗದೆ ಇರಬಹುದು, ಮಾಹಿತಿಯಂತೂ ಆಗಬಹುದು. ಮಾಹಿತಿ ಗಟ್ಟಿ ಇದ್ದರೆ ಕೋರ್ಟು ತಾನಾಗಿಯೇ ಕೇಸು ದಾಖಲಿಸಿಕೊಳ್ಳುತ್ತದೆ. ಇದಕ್ಕೆ ಸ್ವಯಂಪ್ರೇರಿತ ಪ್ರಕರಣ ಎನ್ನುತ್ತಾರೆ. ವಾದ ಮಾಡಲು ಕೋರ್ಟೇ ಒಬ್ಬ ವಕೀಲರನ್ನು ನೇಮಿಸುತ್ತದೆ, ಮಂಡಳಿಯಿಂದ, ಜಿಲ್ಲಾಧಿಕಾರಿಯಿಂದ ವರದಿ ತರಿಸುತ್ತದೆ. 1994ರ ಜುಲೈ 18ರಂದು ದೆಹಲಿಯ ‘ಹಿಂದೂಸ್ತಾನ್ ಟೈಮ್ಸ್’ ಯಮುನೆಯ ಕೊಳಕಿನ ಬಗ್ಗೆ ಬರೆಯಿತು. ಸುಪ್ರೀಂ ಕೋರ್ಟು ಆ ವರದಿಯನ್ನೇ ಕೇಸು ಮಾಡಿತು. 2018ರ ಸೆಪ್ಟೆಂಬರಿನಲ್ಲಿ ‘ದಿ ಹಿಂದೂ’ ವರದಿ ನೋಡಿ ಹಸಿರು ನ್ಯಾಯಮಂಡಳಿ ದೇಶದ 351 ಕಲುಷಿತ ನದಿಭಾಗಗಳ ಬಗ್ಗೆ ಕೇಸು ತೆಗೆದುಕೊಂಡಿತು. ಅದರಲ್ಲಿ ನಮ್ಮ ರಾಜ್ಯದವು 17. ಪ್ರತಿ ರಾಜ್ಯದಲ್ಲಿ ನದಿ ಪುನಶ್ಚೇತನ ಸಮಿತಿ ಆಗಬೇಕೆಂದು ಆದೇಶವಾಯಿತು. ಹಸಿರು ನ್ಯಾಯಮಂಡಳಿಗೆ ಹೀಗೆ ತಾನಾಗಿ ಎತ್ತಿಕೊಳ್ಳುವ ಅಧಿಕಾರ ಇದೆಯೇ ಎಂಬ ತಕರಾರು ಸುಪ್ರೀಂ ಕೋರ್ಟಿಗೆ ಹೋಗಿ, 2021ರ ಅಕ್ಟೋಬರ್ 7ರಂದು ‘ಇದೆ’ ಎಂದು ತೀರ್ಮಾನವಾಯಿತು. ಕಾಗದವನ್ನೂ ಪತ್ರಿಕಾ ವರದಿಯನ್ನೂ ಆಧರಿಸಿ ಅದು ಮುಂದುವರಿಯಬಹುದು; ಆದರೆ ಆರೋಪ ಹೊತ್ತವರ ಮಾತು ಕೇಳದೆ ತೀರ್ಪು ಕೊಡಬಾರದು.

ಹಾಗಾದರೆ ಪತ್ರಕರ್ತರಿಗೆ ಹೇಳಿದರಾಯಿತಲ್ಲ, ನಮ್ಮ ಹೆಸರು ಯಾಕೆ? ನನ್ನ ಅಭಿಪ್ರಾಯ ಬೇರೆ. ಯಮುನೆಯ ಕೇಸು ಇಪ್ಪತ್ತು ವರ್ಷ ದಾಟಿ ಎಳೆಯಿತು. ದೆಹಲಿಯಲ್ಲಿ ಆ ನದಿ ಇವತ್ತಿಗೂ ಸ್ವಚ್ಛವಾಗಿಲ್ಲ. ಇದಕ್ಕೆ ಕಾರಣ ನೂರು ಇರಬಹುದು. ಆದರೆ ವಾಯಿದೆಯಿಂದ ವಾಯಿದೆಗೆ ಬೆನ್ನು ಹತ್ತುವ, ಆದೇಶ ಮುರಿದ ದಿನವೇ ಬಂದು ಕೂಗುವ, ಅದೇ ನೀರಿನಿಂದ ಬದುಕಬೇಕಾದ ಅರ್ಜಿದಾರ ಅಲ್ಲಿರಲಿಲ್ಲ.

ನೊಯ್ಯಲ್ ರೈತರು

ಇದಕ್ಕೆ ಎದುರಾಗಿ ಇಡಬೇಕಾದ್ದು ತಮಿಳುನಾಡಿನ ನೊಯ್ಯಲ್ ಹೊಳೆಯ ಕತೆ. ತಿರುಪ್ಪೂರಿನ ಬನಿಯನ್ನು ನಮ್ಮಲ್ಲಿ ತೊಡದವರಿಲ್ಲ. ಆ ಬಟ್ಟೆಗೆ ಬಣ್ಣ ಹಾಕಿದ ಉಪ್ಪುನೀರು ನೊಯ್ಯಲ್‌ಗೆ ಇಳಿದು ಕೆಳಗಿನ ಒರತ್ತುಪಾಳಯಂ ಅಣೆಕಟ್ಟಿನಲ್ಲಿ ನಿಲ್ಲುತ್ತಿತ್ತು. ನೀರಾವರಿಗೆ ಕಟ್ಟಿದ ಅಣೆಕಟ್ಟು ಬಣ್ಣದ ಗುಂಡಿಯಾಯಿತು. ಕೊನೆಗೆ ರೈತರೇ ‘ದಯಮಾಡಿ ನಮ್ಮ ಗದ್ದೆಗೆ ನೀರು ಬಿಡಬೇಡಿ’ ಎಂದು ಕೇಳುವ ಸ್ಥಿತಿ.

ಕೋರ್ಟಿಗೆ ಹೋದದ್ದು ಅಚ್ಚುಕಟ್ಟುದಾರರ ಸಂಘ. ಒಬ್ಬ ರೈತನ ಹೆಸರಲ್ಲ, ‘ನೊಯ್ಯಲ್ ನದಿ ಅಚ್ಚುಕಟ್ಟುದಾರರ ರಕ್ಷಣಾ ಸಂಘ’. 2006ರ ಡಿಸೆಂಬರಿನಲ್ಲಿ ಮದ್ರಾಸ್ ಹೈಕೋರ್ಟು ಹೊಳೆಗೆ ಒಂದು ಹನಿಯೂ ಬಿಡದ ವ್ಯವಸ್ಥೆ ಆಗಬೇಕು, ಅಲ್ಲಿತನಕ ಬಿಟ್ಟ ನೀರಿಗೆ ಲೀಟರಿಗಿಷ್ಟು ಪೈಸೆ ದಂಡ ಎಂದಿತು. ಬಣ್ಣದ ಘಟಕಗಳವರು ಸುಪ್ರೀಂ ಕೋರ್ಟಿಗೆ ಹೋದರು. 2009ರ ಅಕ್ಟೋಬರಿನಲ್ಲಿ ಅಲ್ಲೂ ಸೋತರು. ಆದರೂ ನೀರು ನಿಲ್ಲಲಿಲ್ಲ. ರೈತರ ಸಂಘ ಬಿಡಲಿಲ್ಲ. ನ್ಯಾಯಾಂಗ ನಿಂದನೆ ಅರ್ಜಿ ಹಾಕಿತು. 2011ರ ಜನವರಿ 28ರಂದು, ಆದೇಶ ಪಾಲಿಸುವ ತನಕ ಬಣ್ಣದ ಘಟಕಗಳನ್ನು ಮುಚ್ಚಿ, ಕರೆಂಟು ಕಡಿಯಿರಿ ಎಂದು ಹೈಕೋರ್ಟು ಹೇಳಿತು. ಏಳುನೂರಕ್ಕೂ ಹೆಚ್ಚು ಘಟಕಗಳು ಮುಚ್ಚಿದವು. ಕೂಲಿಕಾರರಿಗೂ ಪೆಟ್ಟು ಬಿತ್ತು, ಅದನ್ನೂ ಹೇಳಬೇಕು.

ನಿಂದನೆ ಅರ್ಜಿಯನ್ನು ಮೂಕರ್ಜಿಯಾಗಿ ಹಾಕಲು ಬರುವುದಿಲ್ಲ. ಪರಿಹಾರವನ್ನೂ ಹಾಗೇ. ಆ ಭಾಗದ 28 ಸಾವಿರಕ್ಕೂ ಮೀರಿದ ರೈತರಿಗೆ ಒಟ್ಟು 25 ಕೋಟಿಯ ಹತ್ತಿರ ಪರಿಹಾರ 2004ರಲ್ಲಿ ನಿಗದಿಯಾಯಿತು. ತಲೆಗೆ ಲೆಕ್ಕ ಹಾಕಿದರೆ ಒಂಬತ್ತು ಸಾವಿರದ ಒಳಗೇ. ಹಾಳಾದ ಬಾವಿಗೆ ಅದು ಏನೂ ಅಲ್ಲ. ಆದರೆ ಅಷ್ಟಾದರೂ ಸಿಗಬೇಕಾದರೆ ಹೆಸರು, ಸರ್ವೆ ನಂಬರು ಪಟ್ಟಿಯಲ್ಲಿ ಇರಬೇಕು.

ಭಯ ಇದ್ದವರಿಗೆ ದಾರಿ

ಮೊದಲನೆಯದು, ಸಹಿ ಹಾಕುವವನು ಹೊಳೆಬದಿಯವನೇ ಆಗಬೇಕೆಂದಿಲ್ಲ. ಕಾನ್ಪುರದ ಗಂಗೆಯ ಕೇಸು ತಂದ ಎಂ.ಸಿ. ಮೆಹ್ತಾ ದೆಹಲಿಯ ವಕೀಲರು, ಗಂಗೆಯ ದಡದಲ್ಲಿ ಅವರಿಗೆ ಜಾಗ ಇರಲಿಲ್ಲ. ಅದು ಅಡ್ಡಿಯಲ್ಲ ಎಂದು 1988ರಲ್ಲಿ ಸುಪ್ರೀಂ ಕೋರ್ಟು ಸ್ಪಷ್ಟವಾಗಿ ಹೇಳಿತು. ನಮ್ಮ ಕುದುರೆಮುಖದಲ್ಲಿ ಗಣಿಯ ಹೂಳು ಭದ್ರೆಗೆ ಇಳಿಯುತ್ತಿದ್ದುದರ ವಿರುದ್ಧ ಹೋದವರೂ ನಿವೃತ್ತ ಅರಣ್ಯಾಧಿಕಾರಿ ಕೆ.ಎಂ. ಚಿಣ್ಣಪ್ಪ. 2002ರಲ್ಲಿ ಆದೇಶವಾಗಿ 2005ರ ಕೊನೆಗೆ ಗಣಿ ನಿಂತಿತು. ಹಾಗಾಗಿ ಆ ಕಾರ್ಖಾನೆಗೆ ಮಾಲು ಹಾಕದ, ಅಲ್ಲಿ ಕೆಲಸಕ್ಕೆ ಮಕ್ಕಳಿಲ್ಲದ, ಪೆನ್ಷನ್ ಬರುವ ಒಬ್ಬರು ಊರಿನಲ್ಲಿ ಇದ್ದರೆ ಅವರು ಮುಂದೆ ನಿಲ್ಲಲಿ. ಇಲ್ಲವಾದರೆ ಸಂಘದ ಹೆಸರು. ನೊಂದವರ ಪ್ರಾತಿನಿಧಿಕ ಸಂಸ್ಥೆಯ ಅರ್ಜಿಯನ್ನು ಹಸಿರು ನ್ಯಾಯಮಂಡಳಿಯ 2010ರ ಕಾಯಿದೆಯೇ ಒಪ್ಪುತ್ತದೆ. ಗ್ರಾಮಸಭೆಯ ನಿರ್ಣಯ ಮಾಡಿ ಪಂಚಾಯತ್ ಮೂಲಕ ಕಳಿಸಿದರೆ ಅದರಲ್ಲಿ ಯಾರ ಮನೆಯ ಹೆಸರೂ ಎದ್ದು ಕಾಣುವುದಿಲ್ಲ.

ಎರಡನೆಯದನ್ನು ಬಹಳ ಮಂದಿ ಮರೆತಿದ್ದಾರೆ. ಉಪವಿಭಾಗಾಧಿಕಾರಿಗೆ, ಅಂದರೆ ನಮ್ಮ ಎ.ಸಿ.ಯವರಿಗೆ, ಸಾರ್ವಜನಿಕ ಉಪದ್ರವ ತೆಗೆಸುವ ಅಧಿಕಾರ ಇದೆ. ಹಿಂದೆ ಅದು ದಂಡ ಪ್ರಕ್ರಿಯಾ ಸಂಹಿತೆಯ 133ನೇ ಕಲಂ ಆಗಿತ್ತು. 2024ರ ಜುಲೈಯಿಂದ ನಾಗರಿಕ ಸುರಕ್ಷಾ ಸಂಹಿತೆಯ 152ನೇ ಕಲಂ. ಅದರಲ್ಲಿ ಪೊಲೀಸ್ ವರದಿ ಅಥವಾ ‘ಇತರ ಮಾಹಿತಿ’ ಬಂದರೂ ಕ್ರಮ ಕೈಗೊಳ್ಳಬಹುದು ಎಂದಿದೆ. ಅರ್ಜಿದಾರ ಬೇಕೇ ಬೇಕು ಎಂದಿಲ್ಲ. ಮೂಕರ್ಜಿಗೆ ಕಾನೂನಿನಲ್ಲಿ ಎಲ್ಲಾದರೂ ಕಾಲೂರಲು ಜಾಗ ಇದ್ದರೆ ಅದು ಇಲ್ಲಿ. ಆದರೆ ಮಾಹಿತಿ ಗಟ್ಟಿ ಇರಬೇಕು: ಯಾವ ದಿನ, ಎಷ್ಟು ಗಂಟೆಗೆ, ಯಾವ ಮೋರಿಯಿಂದ, ನೀರಿನ ಬಣ್ಣ ಏನು, ಎಲ್ಲಿ ಮೀನು ಸತ್ತವು, ಫೋಟೊ. ‘ಬಹಳ ತೊಂದರೆಯಾಗಿದೆ’ ಎಂದು ಬರೆದರೆ ಓದುವವನು ಏನು ಮಾಡಬೇಕು?

ವಾಯಿದೆಯ ವಿಷಯದಲ್ಲಿ ಎಚ್ಚರ. ಹಸಿರು ನ್ಯಾಯಮಂಡಳಿಗೆ ಅರ್ಜಿಯನ್ನು ತಕರಾರು ಹುಟ್ಟಿದ ಆರು ತಿಂಗಳೊಳಗೆ ಹಾಕಬೇಕು. ತಕ್ಕ ಕಾರಣವಿದ್ದರೆ ಇನ್ನು 60 ದಿನ. ಪರಿಹಾರ ಕೇಳುವುದಾದರೆ ಐದು ವರ್ಷ. ಮೂಕರ್ಜಿ ಹಾಕಿ ಉತ್ತರ ಕಾಯುತ್ತಾ ಕೂತರೆ ಆರು ತಿಂಗಳು ಹೋದದ್ದೇ ಗೊತ್ತಾಗುವುದಿಲ್ಲ. ಪರಿಹಾರ ಕೇಳದ ಅರ್ಜಿಗೆ ಶುಲ್ಕ ಒಂದು ಸಾವಿರ ರೂಪಾಯಿ. ನಮಗೆ ಸಂಬಂಧಪಟ್ಟ ಪೀಠ ಚೆನ್ನೈಯದ್ದು. ವಕೀಲರಿಗೆ ದುಡ್ಡಿಲ್ಲದವರು ತಾಲೂಕು ಕಾನೂನು ಸೇವಾ ಸಮಿತಿಗೆ ಹೋಗಬಹುದು. ಮಹಿಳೆಯರಿಗೂ ಪರಿಶಿಷ್ಟರಿಗೂ ಆದಾಯ ನೋಡದೆ ಉಚಿತ ನೆರವು ಉಂಟು.

ಕಾರ್ಖಾನೆಯವನಿಗೆ ಶಿಕ್ಷೆಯೇ ಆಗಬೇಕೆಂದರೆ ದಾರಿ ಬೇರೆ. ನೀರಿನ ಮಾಲಿನ್ಯದ 1974ರ ಕಾಯಿದೆಯ 49ನೇ ಕಲಮಿನಂತೆ ಯಾವ ಪ್ರಜೆಯೂ ಮ್ಯಾಜಿಸ್ಟ್ರೇಟ್ ಮುಂದೆ ದೂರು ಕೊಡಬಹುದು. ಆದರೆ ಮೊದಲು ಮಂಡಳಿಗೆ 60 ದಿನದ ನೋಟೀಸು ಕೊಡಬೇಕು. ಇಲ್ಲಿ ಹೆಸರು ತಪ್ಪಿಸಲು ಸಾಧ್ಯವೇ ಇಲ್ಲ. ನೋಟೀಸನ್ನು ಸ್ಪೀಡ್ ಪೋಸ್ಟಿನಲ್ಲೇ ಕಳಿಸಿ (ರಿಜಿಸ್ಟರ್ಡ್ ಅಂಚೆ 2025ರ ಸೆಪ್ಟೆಂಬರಿನಿಂದ ಅದರೊಳಗೆ ಸೇರಿದೆ), ರಶೀದಿ ಜೋಪಾನ. ಇನ್ನೊಂದು ವಿಷಯ: ನಾವು ಬಾಟಲಿಯಲ್ಲಿ ಹಿಡಿದ ನೀರು ಈ ಕೇಸಿಗೆ ಸಾಕ್ಷಿಯಾಗುವುದಿಲ್ಲ. 21ನೇ ಕಲಮಿನಂತೆ ಮಂಡಳಿಯ ಅಧಿಕಾರಿ ಕಾರ್ಖಾನೆಯವನಿಗೆ ಅಲ್ಲೇ ತಿಳಿಸಿ, ಮಾದರಿಯನ್ನು ಎರಡು ಪಾಲು ಮಾಡಿ, ಮೊಹರು ಹಾಕಿ, ಇಬ್ಬರೂ ಸಹಿ ಮಾಡಿದ ನೀರೇ ಲೆಕ್ಕಕ್ಕೆ. ನಮ್ಮ ಬಾಟಲಿ ಅಧಿಕಾರಿಯನ್ನು ಸ್ಥಳಕ್ಕೆ ಕರೆಸಲು ಸಾಕು, ಅಷ್ಟೇ.

ಮಾಹಿತಿ ಹಕ್ಕಿನಲ್ಲಿ ಯಾಕೆ ಕೇಳುತ್ತೀರಿ ಎಂದು ಹೇಳಬೇಕಾಗಿಲ್ಲ. ಅರ್ಜಿದಾರನನ್ನು ಸಂಪರ್ಕಿಸಲು ಅಂಚೆ ಪೆಟ್ಟಿಗೆ ಸಂಖ್ಯೆ ಕೊಟ್ಟರೂ ಸಾಕು ಎಂದು 2013ರಲ್ಲಿ ಕಲ್ಕತ್ತಾ ಹೈಕೋರ್ಟು ಹೇಳಿದೆ. ಮನೆಯ ವಿಳಾಸ ಕೊಡಲು ಅಂಜುವವರಿಗೆ ಇದೊಂದು ಆಸರೆ.

ಅದಕ್ಕಿಂತಲೂ ಸರಳವಾದದ್ದು ಒಂದಿದೆ. ಪ್ರತಿ ಕಾರ್ಖಾನೆಗೆ ಎಷ್ಟು ನೀರು, ಯಾವ ಶರತ್ತಿನ ಮೇಲೆ ಬಿಡಲು ಒಪ್ಪಿಗೆ ಕೊಟ್ಟಿದೆ ಎಂದು ಮಂಡಳಿ ಒಂದು ರಿಜಿಸ್ಟರು ಇಡಬೇಕು. ಅದೇ 1974ರ ಕಾಯಿದೆಯ 25ನೇ ಕಲಮಿನ 6ನೇ ಉಪಕಲಂ ಪ್ರಕಾರ ಆ ನೀರಿನಿಂದ ಬಾಧೆಯಾದ ಯಾರು ಬೇಕಾದರೂ ಕಚೇರಿ ಹೊತ್ತಿನಲ್ಲಿ ಹೋಗಿ ಅದನ್ನು ನೋಡಬಹುದು. ತಾನು ಹೋಗಲಾಗದಿದ್ದರೆ ತನ್ನ ಪರವಾಗಿ ಇನ್ನೊಬ್ಬರನ್ನು ಕಳಿಸಬಹುದು ಎಂದೂ ಅಲ್ಲೇ ಬರೆದಿದೆ. ಹೋಗುವವರು ಕಲಂ ನಂಬರನ್ನು ಒಂದು ಚೀಟಿಯಲ್ಲಿ ಬರೆದುಕೊಂಡು ಹೋಗಿ. ಕೌಂಟರಿನಲ್ಲಿ ಕೂತವರಿಗೆ ಅದು ಗೊತ್ತಿರುತ್ತದೆ ಎಂದು ನೆಚ್ಚುವಂತಿಲ್ಲ.